ತಟ್ಟೆಯ ಕೆಳಗಿನ ಚೌಕಳಿ: ಓದುಗರ ಪ್ರಶ್ನೆಗಳಿಗೆ ಉತ್ತರ

ಕಳೆದ ತಿಂಗಳು ಈ ಅಂಕಣದಲ್ಲಿ ಒಂದು ಸಣ್ಣ ಮಾತು ಬರೆದಿದ್ದೆ. ಬ್ಯಾಕ್ಟೀರಿಯಾ ಬೆಳೆಸುವ ದುಂಡು ಪೆಟ್ರಿ ತಟ್ಟೆಯ ಹೆಸರು, ದಿನಾಂಕಗಳನ್ನು ಮುಚ್ಚಳದ ಮೇಲೆ ಬರೆಯಬೇಡಿ, ತಳದ ಮೇಲೆ ಬರೆಯಿರಿ, ಮುಚ್ಚಳಗಳು ಅದಲುಬದಲಾಗುತ್ತವೆ ಎಂದು. ಅದಕ್ಕೆ ಬಂದ ಪತ್ರಗಳಲ್ಲಿ ಐದು ಪತ್ರಗಳು ಒಂದೇ ವಿಷಯದ ಸುತ್ತ ಇವೆ: ತಟ್ಟೆಯ ಕೆಳಗೆ ಇಡುವ, ಪ್ರಿಂಟ್ ತೆಗೆದ ಚೌಕಳಿ ಹಾಳೆ. ಮುಂಬಯಿಯ ಪ್ರಯೋಗಾಲಯಗಳಲ್ಲಿ 31 ವರ್ಷ ಈ ತಟ್ಟೆಗಳ ನಡುವೆಯೇ ಕಳೆದವಳು ನಾನು. ಈ ಹಾಳೆಯ ಮೇಲೆ ನನಗೆ ಅಕ್ಕರೆಯೂ ಇದೆ, ಹಟವೂ ಇದೆ. ಈ ಸಲದ ಪುಟಗಳು ಪೂರ್ತಿ ಅದಕ್ಕೇ ಮೀಸಲು.

ಪ್ರಶ್ನೆ: ಅಕ್ಕನವರಿಗೆ ನಮಸ್ಕಾರ. ನನ್ನ ಊರು ಬಾಗಲಕೋಟೆ. ಪುಣೆಯಲ್ಲಿ ಎಂ.ಎಸ್ಸಿ. ಎರಡನೆಯ ವರ್ಷ ಓದುತ್ತಿದ್ದೇನೆ. ಮುಳಾ ನದಿಯ ದಂಡೆಯ ಮಣ್ಣಿನಿಂದ ಬೇರ್ಪಡಿಸಿದ 44 ಕಾಲೊನಿಗಳನ್ನು (ಕಣ್ಣಿಗೆ ಕಾಣುವ ಬ್ಯಾಕ್ಟೀರಿಯಾ ಗುಂಪುಗಳನ್ನು) ಚೌಕಳಿ ಹಾಳೆಯ ಸಂಖ್ಯೆಗಳನ್ನು ನೋಡಿಕೊಂಡು ಟೂತ್‌ಪಿಕ್‌ನಿಂದ ಎರಡು ತಟ್ಟೆಗಳಿಗೆ ಮುಟ್ಟಿಸಿದೆ. ಒಂದು ಮೂಲ ತಟ್ಟೆ, ಇನ್ನೊಂದು ಪರೀಕ್ಷೆಯ ತಟ್ಟೆ. ಹಾಳೆಯ ವೃತ್ತ ತಟ್ಟೆಗಿಂತ ಸ್ವಲ್ಪ ಚಿಕ್ಕದಾಗಿ ಪ್ರಿಂಟ್ ಆಗಿತ್ತು, ಹೇಗೋ ಹೊಂದಿಸಿಕೊಂಡೆ. ಕಾಲೊನಿಗಳು ಬೆಳೆದ ಮೇಲೆ ಪರೀಕ್ಷೆಯ ತಟ್ಟೆಗೆ ಸ್ಟ್ಯಾಫಿಲೊಕಾಕಸ್ ಬ್ಯಾಕ್ಟೀರಿಯಾ ಬೆರೆಸಿದ ಮೆದು ಅಗರ್ (ಬ್ಯಾಕ್ಟೀರಿಯಾ ಬೆಳೆಯುವ ಜೆಲ್ಲಿ) ಸುರಿದೆ. ಮರುದಿನ 17ನೆಯ ಚೌಕದ ಸುತ್ತ ಚೆಂದದ ತಿಳಿ ವಲಯ, ಎಂದರೆ ಸ್ಟ್ಯಾಫಿಲೊಕಾಕಸ್ ಬೆಳೆಯದ ಜಾಗ, ಕಾಣಿಸಿತು. ಮೂಲ ತಟ್ಟೆಯ 17ನ್ನು ಬೆಳೆಸಿ ಮತ್ತೆ ಪರೀಕ್ಷಿಸಿದರೆ ಏನೂ ಇಲ್ಲ. ಮೂರು ಸಲ ನೋಡಿದೆ. ಗೈಡ್ ಸರ್ ಬೇಸರಗೊಂಡಿದ್ದಾರೆ. ಹಾಳೆಯ ಒಂದು ಪ್ರತಿಯನ್ನು ಜೊತೆಗಿಟ್ಟಿದ್ದೇನೆ. ನಾನು ತಪ್ಪಿದ್ದೆಲ್ಲಿ?

ಉತ್ತರ: ನಿಮ್ಮ 17 ಕಳೆದುಹೋಗಿಲ್ಲ ತಂಗೀ, ತಟ್ಟೆ ತಿರುಗಿದೆ. ಹಾಗೆಂದು ನನಗೆ ಬಲವಾಗಿ ಅನಿಸುತ್ತದೆ. ನೀವು ಕಳುಹಿಸಿದ ಹಾಳೆಯನ್ನು ಅರ್ಧ ದಿನ ಮೇಜಿನ ಮೇಲೆ ಇಟ್ಟುಕೊಂಡು ನೋಡಿದೆ.

ನಮ್ಮ ಅಂಗಳದ ಚುಕ್ಕಿ ರಂಗೋಲಿಯನ್ನು ನೆನಪಿಸಿಕೊಳ್ಳಿ. ಚುಕ್ಕಿಗಳನ್ನು ಇಟ್ಟ ಮೇಲೆ ಯಾವ ಬದಿಯಲ್ಲಿ ಕುಳಿತು ನೋಡಿದರೂ ಅದು ಒಂದೇ ತರಹ ಕಾಣುತ್ತದೆ. ನಿಮ್ಮ ಹಾಳೆಯೂ ಹಾಗೆಯೇ ಇದೆ. ಒಂದು ಸೆಂಟಿಮೀಟರಿನ ಚೌಕಗಳು, ಮೇಲಿನಿಂದ ಕೆಳಕ್ಕೆ 2, 6, 6, 8, 8, 6, 6, 2, ಒಟ್ಟು 44. ಒಳವ್ಯಾಸ 8.5 ಸೆಂ.ಮೀ. ಇರುವ ತಟ್ಟೆಯೊಳಗೆ ಪೂರ್ತಿ ಚೌಕಗಳು ಹಿಡಿಯುವುದೇ ಅಷ್ಟು. ಈಗ ಹಾಳೆಯನ್ನು ಕಾಲು ಸುತ್ತು ತಿರುಗಿಸಿ. ಎಡದಿಂದ ಬಲಕ್ಕೂ 2, 6, 6, 8, 8, 6, 6, 2 ಎಂದೇ ಇದೆ. ಬೆಳೆದ ಕಾಲೊನಿಗಳ ಮೇಲೆ ಸಂಖ್ಯೆ ಬರೆದಿರುವುದಿಲ್ಲ. ತಟ್ಟೆಗಳನ್ನು ಬೆಚ್ಚಗಿಡುವ ಇನ್‌ಕ್ಯುಬೇಟರಿನಿಂದ ತಂದ ತಟ್ಟೆಯನ್ನು ಮತ್ತೆ ಹಾಳೆಯ ಮೇಲೆ ಇಡುವಾಗ ನಾಲ್ಕು ದಿಕ್ಕಿನಲ್ಲಿ ಹೇಗಿಟ್ಟರೂ ಪ್ರತಿ ಕಾಲೊನಿಯೂ ಯಾವುದೋ ಒಂದು ಚೌಕದಲ್ಲಿ ಅಚ್ಚುಕಟ್ಟಾಗಿ ಕೂರುತ್ತದೆ. ತಪ್ಪಾಗಿದೆ ಎಂದು ಕಣ್ಣಿಗೆ ತಿಳಿಯುವುದೇ ಇಲ್ಲ.

ನಿಮ್ಮ ಸಂಖ್ಯೆಗಳ ಲೆಕ್ಕದಲ್ಲಿ 17 ಇರುವುದು ನಾಲ್ಕನೆಯ ಸಾಲಿನ ಮೂರನೆಯ ಚೌಕದಲ್ಲಿ. ತಟ್ಟೆಯನ್ನು ಕಾಲು ಸುತ್ತು ತಿರುಗಿಸಿದರೆ ಅದೇ ಜಾಗಕ್ಕೆ 12 ಅಥವಾ 33 ಬರುತ್ತದೆ, ಅರ್ಧ ಸುತ್ತು ತಿರುಗಿಸಿದರೆ 28. ಇನ್ನೊಂದು ಸಾಧ್ಯತೆಯೂ ಇದೆ. ಯಾವುದಾದರೂ ಒಂದು ತಟ್ಟೆಯನ್ನು ಕವುಚಿ, ಕೆಳಗಿನಿಂದ ನೋಡಿ ಎಣಿಸಿದ್ದರೆ ಎಡಬಲ ಅದಲುಬದಲಾಗಿ 17ರ ಜಾಗದಲ್ಲಿ 20 ಕೂತಿರುತ್ತದೆ. ಆದ್ದರಿಂದ ಮೂಲ ತಟ್ಟೆಯನ್ನು ಎಸೆಯಬೇಡಿ. ಅದರ 12, 20, 28, 33 ಈ ನಾಲ್ಕನ್ನೂ ಬೇರೆ ಬೇರೆಯಾಗಿ ಹೊಸ ಅಗರ್ ಮೇಲೆ ಗೆರೆ ಎಳೆದು ಹರಡಿ, ಶುದ್ಧ ಮಾಡಿಕೊಂಡು ಪರೀಕ್ಷಿಸಿ. ವೃತ್ತ ಚಿಕ್ಕದಾಗಿತ್ತು ಎಂದಿದ್ದೀರಿ, ತಟ್ಟೆ ಪಕ್ಕಕ್ಕೆ ಜರುಗಿರಲೂಬಹುದು. ಹಾಗಾಗಿ 16 ಮತ್ತು 18ನ್ನೂ ಸೇರಿಸಿ. 44ನ್ನೂ ಮೊದಲಿನಿಂದ ಮಾಡುವುದಕ್ಕಿಂತ ಈ ಆರನ್ನು ನೋಡುವುದು ಮೇಲಲ್ಲವೇ?

ನನಗೂ ಹೀಗೇ ಆಗಿದೆ. ಆಗ ಪ್ರಿಂಟರ್ ಇರಲಿಲ್ಲ. ಗ್ರಾಫ್ ಹಾಳೆಯನ್ನು ದುಂಡಗೆ ಕತ್ತರಿಸಿ ಜೆರಾಕ್ಸ್ ತೆಗೆಸಿಕೊಳ್ಳುತ್ತಿದ್ದೆವು. ಮೊಸರಿನ ಮಾದರಿಗಳಿಂದ ಎತ್ತಿದ ಕಾಲೊನಿಗಳಲ್ಲಿ ಒಂದು ಬಹಳ ಚೆನ್ನಾಗಿ ಹುಳಿ ಕೊಡುತ್ತದೆ ಎಂದು ಬರೆದುಕೊಟ್ಟಿದ್ದೆ. ಮೂರು ವಾರ ಅದರ ಮೇಲೆಯೇ ಕೆಲಸ ನಡೆಯಿತು. ಒಂದು ಸಂಜೆ ಬ್ಯಾಕ್ಟೀರಿಯಾ ಗುರುತಿಸುವ ಗ್ರಾಮ್ ಬಣ್ಣ ಹಾಕಿ ಸೂಕ್ಷ್ಮದರ್ಶಕದಲ್ಲಿ ನೋಡಿದರೆ ನನ್ನ ಪುಸ್ತಕದಲ್ಲಿ ದುಂಡು ಕೋಶಗಳ ಸರ ಎಂದಿದ್ದ ಕಡೆ ಉದ್ದನೆಯ ಕಡ್ಡಿಗಳು ಸಾಲಾಗಿ ನಿಂತಿದ್ದವು. ನೇರಳೆ ಬಣ್ಣದ ಆ ಕಡ್ಡಿಗಳು ಇಂದಿಗೂ ನನ್ನ ಕಣ್ಣ ಮುಂದಿವೆ. ತಟ್ಟೆ ಕಾಲು ಸುತ್ತು ತಿರುಗಿತ್ತು, ಅಷ್ಟೇ. ಆ ರಾತ್ರಿ ದಾದರಿನಿಂದ ಲೋಕಲ್ ಹತ್ತಿದವಳಿಗೆ ಇಳಿಯುವ ನಿಲ್ದಾಣ ದಾಟಿದ್ದು ತಿಳಿಯಲಿಲ್ಲ. ಬೇರೆಯವರ ಮೂರು ವಾರಗಳ ದುಡಿಮೆಯನ್ನು ನಾನು ತಪ್ಪು ದಾರಿಗೆ ಹಚ್ಚಿದ್ದೆ.

ಅಂದಿನಿಂದ ಮಾಡಿಕೊಂಡು ಬಂದ ರೂಢಿಯನ್ನು ಹೇಳುತ್ತೇನೆ. ಹಾಳೆಯ ಮೇಲ್ತುದಿಯಲ್ಲಿ, ಗಡಿಯಾರದ 12 ಇರುವ ಕಡೆ, ಒಂದು ಕಪ್ಪು ತ್ರಿಕೋನ ಇರಬೇಕು. ತಟ್ಟೆಯ ತಳದ ಪಕ್ಕದ ಗೋಡೆಯ ಮೇಲೆ, ತ್ರಿಕೋನಕ್ಕೆ ನೇರವಾಗಿ, ಅಳಿಸದ ಮಾರ್ಕರಿನಿಂದ ಒಂದು ಗೆರೆ ಎಳೆಯಬೇಕು. ಮೊದಲ ಕಾಲೊನಿ ಮುಟ್ಟಿಸುವ ಮುಂಚೆಯೇ ಎಳೆಯಬೇಕು, ಆಮೇಲೆ ಅಲ್ಲ. ಎರಡನೆಯದು, ಒಂದನೆಯ ಚೌಕವನ್ನು ಯಾವಾಗಲೂ ಖಾಲಿ ಬಿಡಿ. ತಟ್ಟೆ ತಿರುಗಿದ್ದರೆ ಆ ಖಾಲಿ ಜಾಗ 22ರಲ್ಲೋ, 23ರಲ್ಲೋ, 44ರಲ್ಲೋ ಹೋಗಿ ಕೂರುತ್ತದೆ. ಕವುಚಿದ್ದರೆ 2ರಲ್ಲಿ. ಮಾರ್ಕರಿನ ಗೆರೆ ಸ್ಪಿರಿಟ್ ತಗಲಿ ಅಳಿಸಿದರೂ ಖಾಲಿ ಚೌಕ ಸಾಕ್ಷಿ ನುಡಿಯುತ್ತದೆ. ಮೂರನೆಯದು, ಹಾಳೆಯನ್ನು ಅಂಟಿಸುವುದಾದರೆ ಅಚ್ಚಿನ ಮುಖ ತಟ್ಟೆಯ ಕಡೆಗಿರಲಿ. ಸಂಖ್ಯೆಗಳನ್ನು ಯಾವಾಗಲೂ ಮೇಲಿನಿಂದ, ಅಗರ್‌ನ ಮೂಲಕವೇ ಓದಿ. ತಟ್ಟೆ ಇನ್‌ಕ್ಯುಬೇಟರಿನಲ್ಲಿ ಕವುಚಿಕೊಂಡೇ ಇರಬೇಕು, ಇಲ್ಲವಾದರೆ ಮುಚ್ಚಳದ ಬೆವರು ಕಾಲೊನಿಗಳ ಮೇಲೆ ತೊಟ್ಟಿಕ್ಕುತ್ತದೆ. ಎಣಿಸುವಾಗ ಮಾತ್ರ ನೇರ ಮಾಡಿಕೊಳ್ಳಿ. ಅಗರ್ ಮೂರು ನಾಲ್ಕು ಮಿಲಿಮೀಟರ್ ದಪ್ಪ ಇರುತ್ತದೆ. ಓರೆಯಾಗಿ ನೋಡಿದರೆ ಕಾಲೊನಿ ಪಕ್ಕದ ಚೌಕದಲ್ಲಿ ಕಾಣುತ್ತದೆ, ಅದಕ್ಕೇ ಕಣ್ಣು ನೇರ ಮೇಲಿರಲಿ.

ಹಾಳೆ ಚಿಕ್ಕದಾದದ್ದಕ್ಕೆ ಕಾರಣ ಸರಳ. ಪ್ರಿಂಟ್ ಕೊಡುವಾಗ ಕಂಪ್ಯೂಟರ್ ತಾನಾಗಿಯೇ 'ಪುಟಕ್ಕೆ ಹೊಂದಿಸು' ಎಂಬುದನ್ನು ಆರಿಸಿಕೊಂಡು ಎಲ್ಲವನ್ನೂ ಶೇಕಡಾ ಮೂರು ನಾಲ್ಕರಷ್ಟು ಕುಗ್ಗಿಸುತ್ತದೆ. ಅಲ್ಲಿ 'ನಿಜ ಅಳತೆ' ಅಥವಾ ಶೇಕಡಾ 100 ಎಂದು ಆರಿಸಬೇಕು. ಜೆರಾಕ್ಸ್ ಅಂಗಡಿಯವರಿಗೆ ಇದನ್ನು ಬಾಯಿಬಿಟ್ಟು ಹೇಳಬೇಕು. ಹಾಳೆಯ ಅಂಚಿನಲ್ಲಿ ಅಡ್ಡ ಒಂದು, ಉದ್ದ ಒಂದು, ಹತ್ತು ಹತ್ತು ಸೆಂಟಿಮೀಟರಿನ ಗೆರೆಗಳನ್ನು ಸೇರಿಸಿಕೊಳ್ಳಿ. ಪ್ರಿಂಟ್ ಕೈಗೆ ಬಂದೊಡನೆ ಸ್ಟೀಲ್ ಸ್ಕೇಲಿನಿಂದ ಎರಡನ್ನೂ ಅಳೆಯಿರಿ. ಪ್ರತಿಯಿಂದ ಪ್ರತಿ, ಅದರಿಂದ ಇನ್ನೊಂದು ಪ್ರತಿ ತೆಗೆಯುತ್ತ ಹೋಗಬೇಡಿ, ಅಳತೆ ಪ್ರತಿ ಸಲವೂ ಚೂರು ಜಾರುತ್ತದೆ.

ಇನ್ನೊಂದು ಮಾತು ನೀವು ಕೇಳಿಲ್ಲ, ಆದರೂ ಹೇಳಬೇಕು. ಕಾಲೊನಿಯನ್ನು ಕೂಡಿಡುವುದಕ್ಕೆ ಒಂದು ಸೆಂಟಿಮೀಟರಿನ ಚೌಕ ಸಾಕು. ತಿಳಿ ವಲಯ ನೋಡುವ ತಟ್ಟೆಗೆ ಸಾಲದು. ಒಳ್ಳೆಯ ವಲಯವೊಂದು ಅಕ್ಕಪಕ್ಕದ ನಾಲ್ಕೈದು ಚೌಕಗಳನ್ನು ನುಂಗಿ ನಿಲ್ಲುತ್ತದೆ, ಯಾರ ವಲಯ ಯಾರದು ಎಂದು ತಿಳಿಯುವುದಿಲ್ಲ. ಪರೀಕ್ಷೆಯ ತಟ್ಟೆಗೆ ಎರಡು ಸೆಂಟಿಮೀಟರಿನ ಚೌಕಗಳ ಹಾಳೆ ಮಾಡಿಕೊಳ್ಳಿ, ಒಂದರ ಬದಲು ಐದಾರು ತಟ್ಟೆ ಖರ್ಚಾದರೂ ಆಗಲಿ. ಮಣ್ಣಿನ ಬ್ಯಾಸಿಲಸ್ ಬ್ಯಾಕ್ಟೀರಿಯಾಗಳು ಹರಡಿಕೊಳ್ಳುವ ಜಾತಿ, ಕಾಗದದ ಗೆರೆ ಅವನ್ನು ತಡೆಯುವುದಿಲ್ಲ. ತಟ್ಟೆಯ ಮೇಲ್ಮೈಯನ್ನು ಚೆನ್ನಾಗಿ ಒಣಗಿಸಿಕೊಂಡು ಮುಟ್ಟಿಸಿ. ಮುಂದೆ ಬ್ಯಾಕ್ಟೀರಿಯಾ ಕೊಲ್ಲುವ ಔಷಧಿ ಬೆರೆಸಿದ ತಟ್ಟೆಯನ್ನೂ ಬಳಸುವ ಸಂದರ್ಭ ಬಂದರೆ ಅದೇ ಟೂತ್‌ಪಿಕ್‌ನಿಂದ ಮೊದಲು ಅದನ್ನು ಮುಟ್ಟಿ, ಸಾದಾ ತಟ್ಟೆಯನ್ನು ಕೊನೆಗೆ ಮುಟ್ಟಿ. ಕೊನೆಯದರಲ್ಲಿ ಬೆಳೆದಿದೆ ಎಂದರೆ ಕಡ್ಡಿಯಲ್ಲಿ ಜೀವ ಇತ್ತು ಎಂಬುದು ಖಚಿತ. ಆಗ ಔಷಧಿಯ ತಟ್ಟೆ ಖಾಲಿ ಇದ್ದರೆ ಆ ಖಾಲಿಗೆ ಅರ್ಥವಿದೆ.

ಎದೆಗುಂದಬೇಡಿ. ನೀವು ಮಣ್ಣಿನಲ್ಲಿ ಹುಡುಕುತ್ತಿರುವುದನ್ನು ನಿಮ್ಮ ಪಕ್ಕದ ಪಿಂಪ್ರಿಯಲ್ಲಿ ದೊಡ್ಡವರು ಹುಡುಕಿದ್ದಾರೆ. ಹಿಂದೂಸ್ತಾನ್ ಆ್ಯಂಟಿಬಯೊಟಿಕ್ಸ್ ಪ್ರಯೋಗಾಲಯದಲ್ಲಿ ಎಂ.ಜೆ. ತಿರುಮಲಾಚಾರ್ ಮತ್ತು ಸಂಗಡಿಗರು ಶಿಲೀಂಧ್ರಗಳನ್ನು ಕೊಲ್ಲುವ ಹಾಮೈಸಿನ್ ಔಷಧಿಯನ್ನು ಪಡೆದದ್ದು ಸ್ಟ್ರೆಪ್ಟೊಮೈಸಿಸ್ ಕುಲದ ಒಂದು ಬ್ಯಾಕ್ಟೀರಿಯಾದಿಂದ. ಅದಕ್ಕೆ ಅವರು ಇಟ್ಟ ಹೆಸರು ಸ್ಟ್ರೆಪ್ಟೊಮೈಸಿಸ್ ಪಿಂಪ್ರಿನಾ. ಊರಿನ ಹೆಸರೇ ಜೀವಿಗೆ ಬಂತು. ಆರು ಚೌಕಗಳ ಫಲಿತಾಂಶ ಬಂದ ದಿನ ನನಗೊಂದು ಸಾಲು ಬರೆಯಿರಿ.

ಪ್ರಶ್ನೆ: ಘಾಟ್‌ಕೋಪರಿನ ಒಂದು ನೀರು ಪರೀಕ್ಷೆಯ ಪ್ರಯೋಗಾಲಯದಲ್ಲಿ ಸಹಾಯಕನಾಗಿದ್ದೇನೆ. ಮಳೆಗಾಲ ಬಂತೆಂದರೆ ಕೆಲವು ಮಾದರಿಗಳ ತಟ್ಟೆಯಲ್ಲಿ 400, 500 ಕಾಲೊನಿಗಳು ಬರುತ್ತವೆ. ಚೌಕಳಿ ಹಾಳೆಯ ಕಾಲು ಭಾಗ ಎಣಿಸಿ ನಾಲ್ಕರಿಂದ ಗುಣಿಸಿ ಬರೆಯುತ್ತೇವೆ. ಇದು ಸರಿಯೇ, ಮೇಡಂ?

ಉತ್ತರ: ಸರಿಯಲ್ಲ. ಅಗರ್ ಸುರಿಯುವಾಗ ತಟ್ಟೆ ಒಂದು ಕಡೆ ವಾಲಿದ್ದರೆ ಕಾಲೊನಿಗಳು ಆ ಬದಿಗೇ ಜಾಸ್ತಿ. ನೀವು ಆರಿಸುವ ಕಾಲು ಭಾಗ ದಟ್ಟವಾದದ್ದೋ ವಿರಳವಾದದ್ದೋ ಎಂಬುದರ ಮೇಲೆ ಉತ್ತರ ಬದಲಾಗುತ್ತದೆ. ಸಂಜೆ ಹೊತ್ತು ದಣಿದ ಕೈ ವಿರಳವಾದ ಕಡೆಗೇ ಹೋಗುತ್ತದೆ. ಇದನ್ನು ನಾನು ಕಂಡಿದ್ದೇನೆ.

ಮೊದಲ ಮಾತು, ತಟ್ಟೆಯಲ್ಲಿ 30ರಿಂದ 300ರ ನಡುವೆ ಕಾಲೊನಿಗಳಿದ್ದರೆ ಒಂದನ್ನೂ ಬಿಡದೆ ಎಣಿಸಬೇಕು. ಅಲ್ಲಿ ಚೌಕಳಿಯ ಕೆಲಸ ಲೆಕ್ಕ ಕಟ್ಟುವುದಲ್ಲ, ಒಂದನ್ನು ಎರಡು ಸಲ ಎಣಿಸದಂತೆ ಕಾಯುವುದು. ಗೆರೆಯ ಮೇಲೆಯೇ ಕೂತ ಕಾಲೊನಿಯನ್ನು ಏನು ಮಾಡಬೇಕೆಂದು ಮೊದಲೇ ನಿರ್ಧರಿಸಿಕೊಳ್ಳಿ. ಮೇಲಿನ ಮತ್ತು ಎಡದ ಗೆರೆ ಚೌಕಕ್ಕೆ ಸೇರಿದ್ದು, ಕೆಳಗಿನ ಮತ್ತು ಬಲದ ಗೆರೆ ಸೇರದ್ದು ಎಂದು ನಾನು ಇಟ್ಟುಕೊಂಡಿದ್ದೆ. ಯಾವ ನಿಯಮವಾದರೂ ಆದೀತು, ಪ್ರಯೋಗಾಲಯದ ಎಲ್ಲರಿಗೂ ಒಂದೇ ಇರಲಿ.

ಮುನ್ನೂರನ್ನು ದಾಟಿದರೆ ಇನ್ನಷ್ಟು ತೆಳುಗೊಳಿಸಿದ ಮಾದರಿಯ ತಟ್ಟೆಯನ್ನು ಎಣಿಸುವುದೇ ಸರಿಯಾದ ದಾರಿ. ಅದಕ್ಕಾಗಿಯೇ ಮಳೆಗಾಲದಲ್ಲಿ ಒಂದು ಮೆಟ್ಟಿಲು ಹೆಚ್ಚು ತೆಳುಗೊಳಿಸಿ ಇಡಬೇಕು. ಆ ತಟ್ಟೆ ಇಲ್ಲ, ಇರುವುದು ಇದೊಂದೇ ಎಂದಾಗ ಅಂದಾಜು ಮಾಡುವ ಕ್ರಮ ಹೀಗೆ. ಚದರ ಸೆಂಟಿಮೀಟರಿಗೆ ಹತ್ತಕ್ಕಿಂತ ಕಡಿಮೆ ಇದ್ದರೆ ಅಡ್ಡಸಾಲಿನ ಏಳು ಚೌಕ, ಅದನ್ನು ಕತ್ತರಿಸುವ ಉದ್ದಸಾಲಿನ ಆರು ಚೌಕ, ಯಾವುದನ್ನೂ ಎರಡು ಸಲ ತೆಗೆದುಕೊಳ್ಳದೆ ಒಟ್ಟು 13 ಚೌಕಗಳನ್ನು ಎಣಿಸಿ. ಹತ್ತಕ್ಕಿಂತ ಹೆಚ್ಚಿದ್ದರೆ ತಟ್ಟೆಯ ಹರವನ್ನು ಸರಿಯಾಗಿ ತೋರಿಸುವ ನಾಲ್ಕು ಚೌಕ ಸಾಕು. ಸರಾಸರಿ ತೆಗೆದು ತಟ್ಟೆಯ ವಿಸ್ತೀರ್ಣದಿಂದ ಗುಣಿಸಿ. 13 ಚೌಕಗಳಲ್ಲಿ 91 ಕಾಲೊನಿಗಳು ಸಿಕ್ಕವು ಎನ್ನೋಣ. ಚೌಕಕ್ಕೆ ಏಳು. ನಿಮ್ಮ ತಟ್ಟೆಯ ಒಳವ್ಯಾಸ 8.6 ಸೆಂ.ಮೀ. ಆದರೆ ವಿಸ್ತೀರ್ಣ 58 ಚದರ ಸೆಂ.ಮೀ. ಏಳು ಗುಣಿಸು 58, ಅಂದರೆ 406. ನೂರು ಪಟ್ಟು ತೆಳುಗೊಳಿಸಿದ ನೀರನ್ನು ಒಂದು ಮಿಲಿಲೀಟರ್ ಹಾಕಿದ್ದರೆ ಮೂಲ ನೀರಿನಲ್ಲಿ ಮಿಲಿಲೀಟರಿಗೆ 40,600. ವರದಿಯಲ್ಲಿ ಆ ಸಂಖ್ಯೆಯ ಪಕ್ಕದಲ್ಲಿ 'ಅಂದಾಜು' ಎಂಬ ಪದ ಇರಲೇಬೇಕು. ಆ ಒಂದು ಪದವನ್ನು ಬಿಡಿಸಲು ಯಾರೇ ಒತ್ತಾಯಿಸಿದರೂ ಬಿಡಬೇಡಿ. ಒಳವ್ಯಾಸವನ್ನು ನಿಮ್ಮಲ್ಲಿರುವ ತಟ್ಟೆಯಲ್ಲೇ ಅಳೆದುಕೊಳ್ಳಿ, ಗಾಜಿನದಕ್ಕೂ ಪ್ಲಾಸ್ಟಿಕ್ಕಿನದಕ್ಕೂ ವ್ಯತ್ಯಾಸವಿದೆ.

ಮೇಲಿನ ಪತ್ರದ ಕುಗ್ಗಿದ ಹಾಳೆಯ ಮಾತು ನಿಮಗೆ ಇನ್ನೂ ಹೆಚ್ಚು ಅನ್ವಯಿಸುತ್ತದೆ. ಆ ಹುಡುಗಿಯ ಕೆಲಸದಲ್ಲಿ ಚೌಕ ಬರಿಯ ವಿಳಾಸ, ನಿಮ್ಮ ಕೆಲಸದಲ್ಲಿ ಅದು ಅಳತೆ. ಶೇಕಡಾ ನಾಲ್ಕು ಕುಗ್ಗಿದ ಚೌಕದ ಬದಿ 9.6 ಮಿ.ಮೀ. ಆದರೆ ವಿಸ್ತೀರ್ಣ ಕುಗ್ಗುವುದು ಶೇಕಡಾ ನಾಲ್ಕಲ್ಲ, ಸುಮಾರು ಎಂಟು. 440 ಇರಬೇಕಾದ ಕಡೆ ನೀವು 406 ಎಂದು ಬರೆಯುತ್ತೀರಿ. ಸ್ಕೇಲಿನಿಂದ ಅಳೆಯಲು ಹಿಡಿಯುವುದು ಅರ್ಧ ನಿಮಿಷ.

ಕೆನೆ ಬಣ್ಣದ ಸಣ್ಣ ಕಾಲೊನಿಗಳು ಬಿಳಿ ಕಾಗದದ ಮೇಲೆ ಕಾಣುವುದಿಲ್ಲ. ಚೌಕಳಿಯನ್ನು ಪಾರದರ್ಶಕ ಹಾಳೆಯ ಮೇಲೆ ಬಿಳಿ ಅಥವಾ ಹಳದಿ ಮಾರ್ಕರಿನಿಂದ ಎಳೆದು, ಅದರ ಕೆಳಗೆ ಕಪ್ಪು ಕಾಗದ ಇಡಿ. ದಪ್ಪ ಗೆರೆ ಬೇಡ, ಗೆರೆಯ ಹಿಂದೆ ಕಾಲೊನಿ ಅಡಗುತ್ತದೆ. ಕುಡಿಯುವ ನೀರನ್ನು ಫಿಲ್ಟರ್ ಪೊರೆಯ ಮೂಲಕ ಹಾಯಿಸಿ ಪರೀಕ್ಷಿಸುವಾಗ ಹಾಳೆಯೇ ಬೇಕಿಲ್ಲ. 47 ಮಿ.ಮೀ. ಪೊರೆಗಳು 3.1 ಮಿ.ಮೀ. ಚೌಕಗಳನ್ನು ಮೈಮೇಲೆ ಅಚ್ಚು ಹಾಕಿಸಿಕೊಂಡೇ ಬರುತ್ತವೆ. ಅಲ್ಲಿ ನೀವು ಹುಡುಕುವುದು ನೂರು ಮಿಲಿಲೀಟರಿನಲ್ಲಿ ಒಂದೂ ಇ. ಕೋಲೈ ಬ್ಯಾಕ್ಟೀರಿಯಾ ಇರಬಾರದು ಎಂಬುದನ್ನು. ಅಲ್ಲಿ ಅಂದಾಜಿಗೆ ಜಾಗವೇ ಇಲ್ಲ.

ಪ್ರಶ್ನೆ: ಡೊಂಬಿವಲಿಯಲ್ಲಿ ಡಿ.ಎಂ.ಎಲ್.ಟಿ. (ವೈದ್ಯಕೀಯ ಪ್ರಯೋಗಾಲಯ ತಂತ್ರಜ್ಞಾನದ ಡಿಪ್ಲೊಮಾ) ಓದುತ್ತಿದ್ದೇನೆ. ಯಾವ ಔಷಧಿ ಬ್ಯಾಕ್ಟೀರಿಯಾವನ್ನು ತಡೆಯುತ್ತದೆ ಎಂದು ನೋಡಲು ತಟ್ಟೆಯಲ್ಲಿ ಔಷಧಿ ಬಿಲ್ಲೆಗಳನ್ನು ಇಡುವಾಗ ಚೌಕಳಿ ಹಾಳೆ ಬಳಸಬಹುದೇ?

ಉತ್ತರ: ಚೌಕಳಿ ಬೇಡ, ಚುಕ್ಕಿಗಳ ಹಾಳೆ ಮಾಡಿಕೊಳ್ಳಿ. ಬಿಲ್ಲೆಗಳ ನಡುವೆ ಕೇಂದ್ರದಿಂದ ಕೇಂದ್ರಕ್ಕೆ ಕನಿಷ್ಠ 24 ಮಿ.ಮೀ. ಅಂತರ ಇರಬೇಕು. 25 ಮಿ.ಮೀ. ತ್ರಿಜ್ಯದ ವೃತ್ತದ ಮೇಲೆ 72 ಡಿಗ್ರಿಗೊಂದರಂತೆ ಐದು ಚುಕ್ಕಿ ಇಟ್ಟರೆ ಅಂತರ 29 ಮಿ.ಮೀ. ಬರುತ್ತದೆ, ಅಂಚಿನಿಂದಲೂ ದೂರ ಉಳಿಯುತ್ತದೆ. ಸಾಮಾನ್ಯ ತಟ್ಟೆಗೆ ಐದು ಸಾಕು. ಈ ಪರೀಕ್ಷೆಗೆ ಬಳಸುವ ಮ್ಯುಲರ್ ಹಿಂಟನ್ ಅಗರ್ ತೆಳುಬಣ್ಣದ್ದು, ನಾಲ್ಕು ಮಿ.ಮೀ. ದಪ್ಪ ಸುರಿದರೂ ಕೆಳಗಿನ ಚುಕ್ಕಿ ಕಾಣುತ್ತದೆ. ರಕ್ತದ ಅಗರ್ ಆದರೆ ಕಾಣುವುದಿಲ್ಲ, ಆಗ ತಟ್ಟೆಯ ಪಕ್ಕದ ಗೋಡೆಯ ಮೇಲೆ ಗುರುತು ಹಾಕಿಕೊಳ್ಳಬೇಕು. ಬಿಲ್ಲೆ ಒಮ್ಮೆ ಅಗರ್ ಮುಟ್ಟಿತೆಂದರೆ ಔಷಧಿ ಇಳಿಯಲು ಶುರುವಾಯಿತು, ಆಮೇಲೆ ಎತ್ತಿ ಸರಿಸಬೇಡಿ. ವಲಯದ ವ್ಯಾಸವನ್ನು ಸ್ಕೇಲಿನಿಂದ ಅಳೆಯಿರಿ, ಹಾಳೆಯ ಗೆರೆಯಿಂದಲ್ಲ.

ಪ್ರಶ್ನೆ: ಮುಂಬಯಿಯ ಒಂದು ಕನ್ನಡ ಮಾಧ್ಯಮ ಶಾಲೆಯಲ್ಲಿ ವಿಜ್ಞಾನ ಕಲಿಸುತ್ತೇನೆ. ಇನ್‌ಕ್ಯುಬೇಟರ್ ಇಲ್ಲ, ಒತ್ತಡದ ಹಬೆಯಿಂದ ಜೀವಾಣು ಕೊಲ್ಲುವ ಆಟೊಕ್ಲೇವ್ ಇಲ್ಲ. ಎಂಟನೆಯ ತರಗತಿಯ ಮಕ್ಕಳಿಗೆ ಪೆಟ್ರಿ ತಟ್ಟೆ, ಎಣಿಕೆ ಇವುಗಳ ಪರಿಚಯ ಮಾಡಿಸಬೇಕೆಂಬ ಆಸೆ. ದಾರಿ ಇದೆಯೇ?

ಉತ್ತರ: ನಿಮ್ಮ ಪತ್ರ ಓದಿ ಮನಸ್ಸು ತುಂಬಿತು. ದಾರಿ ಇದೆ ಸರ್, ಬ್ಯಾಕ್ಟೀರಿಯಾ ಇಲ್ಲದೆಯೇ ಇದೆ. ಖಾಲಿ ತಟ್ಟೆಗಳನ್ನು ತನ್ನಿ, ಒಂದು ಸೆಂಟಿಮೀಟರಿನ ಚೌಕಳಿ ಹಾಳೆಗಳನ್ನು ಪ್ರಿಂಟ್ ತೆಗೆಸಿ. ತಟ್ಟೆಯ ತಳಕ್ಕೆ ತೆಳ್ಳಗೆ ಗೋಂದು ಸವರಿ, ಒಂದು ಚಿಟಿಕೆ ಸಾಸಿವೆಯನ್ನು ಮೇಲಿನಿಂದ ಉದುರಿಸಲು ಹೇಳಿ. ಕೆಲವು ಒತ್ತಾಗಿ ಬೀಳುತ್ತವೆ, ಕೆಲವು ಅಂಚಿಗೆ ಉರುಳುತ್ತವೆ, ನಿಜವಾದ ಕಾಲೊನಿಗಳ ಹಾಗೆಯೇ. ಮೊದಲು 13 ಚೌಕಗಳ ಲೆಕ್ಕದಲ್ಲಿ ಅಂದಾಜು ಮಾಡಲಿ, ಆಮೇಲೆ ಎಲ್ಲವನ್ನೂ ಒಂದೊಂದಾಗಿ ಎಣಿಸಲಿ. ಎರಡು ಸಂಖ್ಯೆಗಳನ್ನು ಹಲಗೆಯ ಮೇಲೆ ಅಕ್ಕಪಕ್ಕ ಬರೆಯಿರಿ. ಕಡಿಮೆ ಬೀಜ ಬಿದ್ದ ತಟ್ಟೆಯಲ್ಲಿ ಅಂದಾಜು ಎಷ್ಟು ಕೆಡುತ್ತದೆ ಎಂಬುದನ್ನು ಮಕ್ಕಳೇ ಕಂಡುಹಿಡಿಯುತ್ತಾರೆ, ನೀವು ಹೇಳುವುದು ಬೇಡ.

ಕಥೆಯನ್ನೂ ಹೇಳಿ. ಬರ್ಲಿನ್ನಿನಲ್ಲಿ ಬ್ಯಾಕ್ಟೀರಿಯಾ ವಿಜ್ಞಾನಿ ರಾಬರ್ಟ್ ಕಾಖ್ ಅವರ ಪ್ರಯೋಗಾಲಯದಲ್ಲಿ ಮೊದಲು ಚಪ್ಪಟೆ ಗಾಜಿನ ಮೇಲೆ ಜೆಲಟಿನ್ ಹರಡಿ, ಗಾಜಿನ ಗಂಟೆಯೊಳಗೆ ಮುಚ್ಚಿಡುತ್ತಿದ್ದರು. ನೋಡಬೇಕೆಂದರೆ ಗಂಟೆ ಎತ್ತಬೇಕು, ಎತ್ತಿದರೆ ಗಾಳಿಯ ಧೂಳು ಬೀಳಬೇಕು. 1887ರಲ್ಲಿ ಅವರ ಸಹಾಯಕ ಜೂಲಿಯಸ್ ರಿಚರ್ಡ್ ಪೆಟ್ರಿ ಒಂದು ತಟ್ಟೆಗೆ ಅದಕ್ಕಿಂತ ಚೂರು ದೊಡ್ಡದಾದ ಇನ್ನೊಂದು ತಟ್ಟೆಯನ್ನೇ ಮುಚ್ಚಳ ಮಾಡಿದರು. ಅಷ್ಟೇ ಮಾಡಿದ್ದು, ಅದೇ ಇಂದಿಗೂ ನಡೆಯುತ್ತಿದೆ. ಜೆಲಟಿನ್ ಬೇಸಿಗೆಯಲ್ಲಿ ಕರಗಿ ನೀರಾಗುತ್ತಿತ್ತು. ಅದರ ಬದಲಿಗೆ ಅಗರ್ ಹಾಕಿ ನೋಡಿ ಎಂದು ಸೂಚಿಸಿದವರು ಫ್ಯಾನಿ ಹೆಸ್ಸೆ, ವಾಲ್ಟರ್ ಹೆಸ್ಸೆ ಎಂಬ ಸಂಶೋಧಕರ ಪತ್ನಿ. ಅಡುಗೆಮನೆಯಲ್ಲಿ ಜೆಲ್ಲಿ ಗಟ್ಟಿಯಾಗಲು ಅವರು ಅದನ್ನು ಬಳಸುತ್ತಿದ್ದರು. ನಮ್ಮ ಕಿರಾಣಿ ಅಂಗಡಿಗಳಲ್ಲಿ ಚೈನಾ ಗ್ರಾಸ್ ಎಂದು ಮಾರುವುದು ಅದನ್ನೇ. ಒಂದು ಪೊಟ್ಟಣ ತಂದು ತರಗತಿಯಲ್ಲೇ ಕುದಿಸಿ ತೋರಿಸಿ. ಕರಗಲು ಕುದಿಯುವ ಬಿಸಿ ಬೇಕು, ಗಟ್ಟಿಯಾಗುವುದು 40 ಡಿಗ್ರಿಯ ಕೆಳಗೆ ಇಳಿದಾಗ, ಒಮ್ಮೆ ಗಟ್ಟಿಯಾದ ಮೇಲೆ ಮುಂಬಯಿಯ ಮೇ ತಿಂಗಳಲ್ಲೂ ಅಲುಗುವುದಿಲ್ಲ. ಅದನ್ನು ಮಕ್ಕಳು ಬೆರಳಿನಿಂದ ಮುಟ್ಟಿ ನೋಡಲಿ.

ಸಾಧ್ಯವಾದರೆ ಪರೇಲ್‌ಗೆ ಕರೆದುಕೊಂಡು ಹೋಗಿ ಹಾಫ್ಕಿನ್ ಸಂಸ್ಥೆಯ ಹಳೆಯ ಕಟ್ಟಡವನ್ನು ಹೊರಗಿನಿಂದಲಾದರೂ ತೋರಿಸಿ. 1896ರಲ್ಲಿ ಮುಂಬಯಿಯಲ್ಲಿ ಪ್ಲೇಗ್ ಹಬ್ಬಿದಾಗ ಬಂದ ವಾಲ್ಡೆಮಾರ್ ಹಾಫ್ಕಿನ್ ಮಾಂಸದ ಸಾರಿನ ಮೇಲೆ ತುಪ್ಪ ತೇಲಿಬಿಟ್ಟು ಪ್ಲೇಗಿನ ರೋಗಾಣು ಬೆಳೆಸಿದರು. ತುಪ್ಪದ ಹನಿಗಳಿಂದ ಅದು ಗುಹೆಯ ಮಾಡಿನಿಂದ ಇಳಿಬಿದ್ದ ಸುಣ್ಣದ ಬಿಳಲುಗಳಂತೆ ಕೆಳಕ್ಕೆ ಜೋತು ಬೆಳೆಯುತ್ತಿತ್ತು. ಲಸಿಕೆ ಸಿದ್ಧವಾದಾಗ 1897ರ ಜನವರಿ 10ರಂದು ಮೊದಲು ಚುಚ್ಚಿಕೊಂಡದ್ದು ತಮ್ಮ ಮೈಗೇ.

ಪ್ರಶ್ನೆ: ಗೋವಾದ ವಾಸ್ಕೊದಲ್ಲಿದ್ದೇವೆ. ನನ್ನ ಮಗಳು ಒಂಬತ್ತನೆಯ ತರಗತಿ. ಶಾಲೆಯ ಪ್ರಾಜೆಕ್ಟಿಗೆ ಮನೆಯಲ್ಲೇ ಮೊಬೈಲ್, ಬಾಗಿಲ ಹಿಡಿ, ಅಂಗೈ ಇವುಗಳ ಬ್ಯಾಕ್ಟೀರಿಯಾ ಬೆಳೆಸುತ್ತೇನೆ ಎನ್ನುತ್ತಾಳೆ. ತಟ್ಟೆಗಳನ್ನು ತರಿಸಿಕೊಂಡಿದ್ದಾಳೆ, ಚೌಕಳಿ ಹಾಳೆಯನ್ನೂ ಪ್ರಿಂಟ್ ತೆಗೆದಿದ್ದಾಳೆ. ನನಗೆ ಭಯ. ಬೇಡ ಎಂದರೆ ಮುಖ ಸಣ್ಣದು ಮಾಡುತ್ತಾಳೆ. ಏನು ಹೇಳಲಿ ಅಕ್ಕಾ?

ಉತ್ತರ: ನಿಮ್ಮ ಭಯ ನ್ಯಾಯವಾದದ್ದೇ. ಅಂಗೈಯ ಮೇಲೆ ನಾಲ್ಕಾರು ಇರುವಾಗ ತೊಂದರೆ ಕೊಡದ ಜೀವಿ ಅಗರ್‌ನ ಮೇಲೆ ಎರಡು ದಿನಗಳಲ್ಲಿ ಕೋಟಿಗಟ್ಟಲೆ ಆಗುತ್ತದೆ, ಅದು ಯಾವುದು ಎಂದು ಮನೆಯಲ್ಲಿ ತಿಳಿಯುವ ಉಪಾಯವಿಲ್ಲ. ಮೈಯಿಂದ, ಮೊಬೈಲಿನಿಂದ ಎತ್ತಿದ್ದನ್ನು ಅಡುಗೆಮನೆ ಇರುವ ಮನೆಯಲ್ಲಿ ಬೆಳೆಸಬಾರದು. ಆ ಪ್ರಯೋಗ ಶಿಕ್ಷಕರು ಜೊತೆಗಿರುವ ಪ್ರಯೋಗಾಲಯದಲ್ಲಿ, ತಟ್ಟೆಗೆ ಟೇಪ್ ಸುತ್ತಿ, ತೆರೆಯದೆ ಆಗಬೇಕು. ಮುಗಿದ ಮೇಲೆ ಅದನ್ನು 121 ಡಿಗ್ರಿಯಲ್ಲಿ ಒತ್ತಡದ ಹಬೆಯಿಂದ ಕೊಂದು ಎಸೆಯಬೇಕು. ಇದರಲ್ಲಿ ರಾಜಿ ಇಲ್ಲ ಎಂದು ನನ್ನ ಹೆಸರಿನಲ್ಲೇ ಹೇಳಿ.

ಆದರೆ ಬೇಡ ಎಂದಷ್ಟೇ ಹೇಳಿ ಬಿಡಬೇಡಿ. ಅವಳು ಚೌಕಳಿ ಹಾಳೆಯವರೆಗೆ ಯೋಚಿಸಿದ್ದಾಳೆ ಎಂದರೆ ಆ ಹುಡುಗಿಯಲ್ಲಿ ಅಳೆಯುವ ಬುದ್ಧಿ ಇದೆ. ಅದನ್ನು ಹಾಳೆಯ ಸಮೇತ ಬೇರೆ ಕಡೆ ತಿರುಗಿಸೋಣ. ಒಂದೇ ಪೊಟ್ಟಣದ ನಾಲ್ಕು ಬ್ರೆಡ್ ಹೋಳುಗಳನ್ನು ತನ್ನಿ. ನಾಲ್ಕೂ ಪಾರದರ್ಶಕ ಜಿಪ್ ಚೀಲಗಳಿಗೆ ಹೋಗಲಿ. ಎರಡಕ್ಕೆ ಒಂದೊಂದು ಚಮಚ ನೀರು ಚಿಮುಕಿಸಿ, ಎರಡನ್ನು ಒಣಗಿದಂತೆಯೇ ಬಿಡಲಿ. ನೀರು ಹಾಕಿದ್ದೊಂದು, ಹಾಕದ್ದೊಂದು ಫ್ರಿಜ್ಜಿನಲ್ಲಿ, ಉಳಿದೆರಡು ಕೋಣೆಯ ಮೂಲೆಯಲ್ಲಿ. ಚೀಲದ ಬಾಯಿಗೆ ಟೇಪ್ ಹಚ್ಚಿದ ಮೇಲೆ ಕೊನೆಯವರೆಗೂ ತೆರೆಯುವಂತಿಲ್ಲ. ಬೂಷ್ಟಿನ ಬೀಜಕಣಗಳು ಹಾರಿ ಉಬ್ಬಸ ಇರುವವರಿಗೆ ತೊಂದರೆ ಕೊಡುತ್ತವೆ.

ಈಗ ಅವಳ ಚೌಕಳಿ. ಅದನ್ನು ಪಾರದರ್ಶಕ ಹಾಳೆಯ ಮೇಲೆ ಪ್ರಿಂಟ್ ತೆಗೆಸಿ, ದಿನಾ ಒಂದೇ ಹೊತ್ತಿಗೆ ಚೀಲದ ಮೇಲಿಟ್ಟು ಬೂಷ್ಟು ಆವರಿಸಿದ ಚೌಕಗಳನ್ನು ಎಣಿಸಲಿ. ಅರ್ಧ ಅಥವಾ ಅದಕ್ಕಿಂತ ಹೆಚ್ಚು ತುಂಬಿದ್ದು ಒಂದು, ಅರ್ಧಕ್ಕಿಂತ ಕಡಿಮೆಯಿದ್ದರೆ ಲೆಕ್ಕಕ್ಕಿಲ್ಲ. ಗಣಿತದ ತರಗತಿಯಲ್ಲಿ ಎಲೆಯ ವಿಸ್ತೀರ್ಣ ತೆಗೆದ ಹಾಗೆಯೇ. ಹಾಳೆ ದಿನಾ ಅದೇ ಜಾಗದಲ್ಲಿ ಕೂರಬೇಕು, ಅದಕ್ಕಾಗಿ ಚೀಲದ ಮೇಲೆ ಮಾರ್ಕರಿನಿಂದ ಎರಡು ಮೂಲೆಗಳ ಗುರುತು ಹಾಕಿಕೊಳ್ಳಲಿ. ಮೊದಲ ಮೂರು ದಿನ ಸೊನ್ನೆ ಸೊನ್ನೆ ಎಂದೇ ಬರಬಹುದು, ಆ ಸೊನ್ನೆಗಳನ್ನೂ ಬರೆಯಲಿ. ಆಮೇಲೆ ಒಂದು ಬೆಳಿಗ್ಗೆ ಬಿಳಿ ಹತ್ತಿಯಂಥ ಚುಕ್ಕಿ ಕಾಣುತ್ತದೆ, ಅದರ ನಡುವೆ ಹಸಿರೋ ಕಪ್ಪೋ ಇಳಿಯುತ್ತದೆ. ವಾಸ್ಕೊದ ಕಡಲ ಗಾಳಿಯ ತೇವಕ್ಕೆ ಹೆಚ್ಚು ದಿನ ಕಾಯಬೇಕಾಗಲಾರದು. ಮುಗಿದ ಮೇಲೆ ಚೀಲ ತೆರೆಯದೆ ಇನ್ನೊಂದು ಚೀಲಕ್ಕೆ ಹಾಕಿ, ಗಂಟು ಕಟ್ಟಿ ಕಸಕ್ಕೆ ಕೊಡಿ. ತರಿಸಿದ ಪೆಟ್ರಿ ತಟ್ಟೆಗಳು ವ್ಯರ್ಥವಾಗಬೇಕಿಲ್ಲ, ಮೇಲಿನ ಉತ್ತರದ ಸಾಸಿವೆ ಎಣಿಕೆಗೆ ಬಂದಾವು.

ನಾಲ್ಕು ಚೀಲಗಳ ಪಟ್ಟಿಯನ್ನು ಅವಳ ಕೈಬರಹದಲ್ಲೇ ನನಗೆ ಕಳುಹಿಸಲು ಹೇಳಿ. ತಿದ್ದಿ ಚೆಂದ ಮಾಡಿದ್ದು ಬೇಡ, ದಿನಾ ಬರೆದ ಪುಟವೇ ಬೇಕು.